ಹನ್ನೆರಡು ಇಂಚಿನ ದೀಪದ ಗ್ಲೋಬು: ಐದಕ್ಕೆ ಮೂರು ನಕ್ಷತ್ರ

ಮೊಮ್ಮಗಳ ಹುಟ್ಟುಹಬ್ಬಕ್ಕೆಂದು ಆನ್‌ಲೈನ್‌ನಲ್ಲಿ ತರಿಸಿದ ಗ್ಲೋಬು ಇದು. 1,690 ರೂಪಾಯಿ. ಕಂಪನಿಯ ಹೆಸರು ಬರೆಯುವುದಿಲ್ಲ. ಇದೇ ಅಚ್ಚಿನ ಮಾಲು ಮೂರ್ನಾಲ್ಕು ಹೆಸರಿನಲ್ಲಿ ಮಾರಾಟಕ್ಕಿದೆ, ಯಾರನ್ನು ಬೈಯುವುದು? ಡಬ್ಬಿಯ ಮೇಲೆ ದೊಡ್ಡದಾಗಿ ‘ಹೊಸ ಆವೃತ್ತಿ’ ಎಂದಿದೆ. ಆ ಎರಡು ಪದದ ಬಗ್ಗೆ ಆಮೇಲೆ ಬರುತ್ತೇನೆ.

ನಾನು ಅಂಚೆ ಸಾರ್ಟಿಂಗ್‌ನಲ್ಲಿ 31 ವರ್ಷ ಕಳೆದವನು, ಅದರಲ್ಲಿ ನಾಲ್ಕು ವರ್ಷ ಮುಂಬೈಯಲ್ಲಿ ವಿದೇಶಿ ಟಪಾಲಿನ ಮೇಜಿನ ಮುಂದೆ. ನಾನು ಜಗತ್ತನ್ನು ಕಂಡದ್ದು ಮರದ ಖಾನೆಗಳಲ್ಲಿ ಮತ್ತು ಸ್ಟಾಂಪುಗಳಲ್ಲಿ. ಸ್ಟಾಂಪಿನ ಮೇಲೆ ‘ಹೆಲ್ವೆಟಿಯಾ’ ಇದ್ದರೆ ಸ್ವಿಟ್ಜರ್‌ಲ್ಯಾಂಡ್, ‘ಸುವೋಮಿ’ ಇದ್ದರೆ ಫಿನ್‌ಲ್ಯಾಂಡ್, ‘ಮಾಗ್ಯಾರ್’ ಇದ್ದರೆ ಹಂಗರಿ. ಯಾವ ದೇಶದ ಹೆಸರೂ ಇಲ್ಲದೆ ಬರೀ ರಾಣಿಯ ತಲೆ ಇದ್ದರೆ ಬ್ರಿಟನ್. 1840ರಲ್ಲಿ ಮೊದಲು ಸ್ಟಾಂಪು ತಂದವರು ಅವರೇ, ಆಗ ಹೆಸರು ಹಾಕುವ ಅಗತ್ಯ ಬೀಳಲಿಲ್ಲ, ಇವತ್ತಿಗೂ ಹಾಕಿಲ್ಲ. ಹೀಗಾಗಿ ಗ್ಲೋಬು ಕೈಗೆ ಬಂದರೆ ನಾನು ಮೊದಲು ಓದುವುದು ಹೆಸರುಗಳನ್ನು.

ಮೊದಲು ಒಳ್ಳೆಯದು ಹೇಳಿಬಿಡುತ್ತೇನೆ. ದೀಪ ಆರಿಸಿದ್ದಾಗ ಇದು ಬೆಟ್ಟ, ನದಿ, ಮರುಭೂಮಿಗಳ ಭೂಮಿ. ಸ್ವಿಚ್ ಒತ್ತಿದರೆ ಒಳಗಿನ ಪದರದಿಂದ ದೇಶಗಳ ಬಣ್ಣ, ಗಡಿ ಎದ್ದು ಬರುತ್ತವೆ. ತಂದ ಮೊದಲ ಸಂಜೆಯೇ ನಮ್ಮ ಓಣಿಯಲ್ಲಿ ಕರೆಂಟ್ ಹೋಯಿತು. “ಅಜ್ಜಾ, ದೇಶ ಎಲ್ಲಾ ಹೋದುವಲ್ಲ!” ಅಂದಳು ಹುಡುಗಿ. ಇಷ್ಟಕ್ಕೇ ಒಂದು ನಕ್ಷತ್ರ ಕೊಟ್ಟೆ.

ಕಾಲು ಗಟ್ಟಿ ಇದೆ, ಅಕ್ಷ ಇಪ್ಪತ್ತಮೂರೂವರೆ ಡಿಗ್ರಿ ಸರಿಯಾಗಿ ವಾಲಿದೆ, ತಿರುಗಿಸಿದರೆ ಕಿರ್ರೆನ್ನುವುದಿಲ್ಲ. ಭಾರತದ ಗಡಿ ಸರ್ವೆ ಆಫ್ ಇಂಡಿಯಾದ ನಕ್ಷೆಯಂತೆಯೇ ಇದೆ.

‘ಉಬ್ಬು ಪರ್ವತ’ ಎಂಬುದು ಮಾತ್ರ ಮಕ್ಕಳಿಗೆ ತಪ್ಪು ಕಲಿಸುತ್ತದೆ. ಲೆಕ್ಕ ಹಾಕಿದೆ: ಮೂವತ್ತು ಸೆಂಟಿಮೀಟರ್ ಅಡ್ಡಗಲದ ಗೋಳದಲ್ಲಿ ಒಂದು ಸೆಂಟಿಮೀಟರ್ ಅಂದರೆ ಸುಮಾರು 425 ಕಿಲೋಮೀಟರ್. 8,849 ಮೀಟರಿನ ಎವರೆಸ್ಟ್ ಇದರ ಮೇಲೆ ಏಳಬೇಕಾದದ್ದು 0.2 ಮಿಲಿಮೀಟರ್, ಹತ್ತಿರಹತ್ತಿರ ಒಂದು ಪೋಸ್ಟ್‌ಕಾರ್ಡಿನ ದಪ್ಪ. ಇವರು ಎರಡು ಮಿಲಿಮೀಟರ್ ಉಬ್ಬಿಸಿದ್ದಾರೆ, ಅಂದರೆ 85 ಕಿಲೋಮೀಟರ್ ಎತ್ತರದ ಬೆಟ್ಟ. ಬೆರಳಿಗೆ ಸಿಗಲಿ ಅಂತ ಮಾಡಿದ್ದು, ಇರಲಿ. ಎರಡು ಅರ್ಧಗೋಳ ಸೇರುವ ಗೀಟು ಸಮಭಾಜಕದ ಮೇಲೇ ಬಂದು, ಸಾವೊ ಟೊಮೆ ಎಂಬ ಪುಟ್ಟ ದೇಶ ಅದರೊಳಗೆ ಮುಳುಗಿಹೋಗಿದೆ. ಅದು ಅಷ್ಟು ಇರಲಿ ಅನ್ನುವಂಥದ್ದಲ್ಲ.

ಈಗ ‘ಹೊಸ ಆವೃತ್ತಿ’. ಕಾಗದಕ್ಕೆ ಡೇಟ್ ಸ್ಟಾಂಪ್ ಹೊಡೆದಿರುತ್ತೇವೆ, ಗ್ಲೋಬಿಗೆ ಯಾರೂ ಹೊಡೆಯುವುದಿಲ್ಲ. ಗಡಿ ಮತ್ತು ಹೆಸರು ನೋಡಿ ನಾವೇ ಓದಿಕೊಳ್ಳಬೇಕು. ಸುಡಾನ್ ಎರಡಾಗಿದೆ, ಆದ್ದರಿಂದ 2011ರ ಜುಲೈ ಆದಮೇಲಿನದು. ಗ್ರೀಸಿನ ತಲೆಯ ಮೇಲೆ ಬರೀ ‘ಮ್ಯಾಸಿಡೋನಿಯಾ’ ಎಂದಿದೆ. ಆ ಹೆಸರಿಗಾಗಿ ಗ್ರೀಸ್ ಜೊತೆ ಇಪ್ಪತ್ತೇಳು ವರ್ಷ ತಕರಾರು ನಡೆದು, 2019ರಲ್ಲಿ ಅದು ‘ಉತ್ತರ ಮ್ಯಾಸಿಡೋನಿಯಾ’ ಆಯಿತು. ಇನ್ನೂ ಕೆಳಗೆ ದಕ್ಷಿಣ ಆಫ್ರಿಕಾದ ಮಗ್ಗುಲಲ್ಲಿ ‘ಸ್ವಾಜಿಲ್ಯಾಂಡ್’. ಹಿಡಿದದ್ದು ನಾನಲ್ಲ, ಮೊಮ್ಮಗಳು: “ನಮ್ಮ ಪುಸ್ತಕದಾಗ ಎಸ್ವಾಟಿನಿ ಅಂತ ಐತಿ, ಇದ್ರಾಗ ಬ್ಯಾರೆ ಐತಿ.” ಅಲ್ಲಿಗೆ ಅಚ್ಚು 2011 ಮತ್ತು 2018ರ ನಡುವಿನದು ಎಂದಾಯಿತು.

ಆ ಹೆಸರಿನ ಜೊತೆ ನನಗೆ ಹಳೆಯ ಲೆಕ್ಕವಿದೆ. 2018ರ ಏಪ್ರಿಲ್‌ನಲ್ಲಿ, ಸ್ವಾತಂತ್ರ್ಯದ ಐವತ್ತನೇ ವರ್ಷದ ಸಂಭ್ರಮದಲ್ಲಿ, ಅಲ್ಲಿನ ರಾಜ ಮೂರನೇ ಎಂಸ್ವಾತಿ ಹೆಸರು ಬದಲಿಸಿದರು. ಹೊರಗೆ ಹೋದರೆ ಜನ ನಮ್ಮನ್ನು ಸ್ವಿಟ್ಜರ್‌ಲ್ಯಾಂಡಿನವರು ಅಂದುಕೊಳ್ಳುತ್ತಾರೆ ಎಂಬುದೂ ಅವರು ಕೊಟ್ಟ ಒಂದು ಕಾರಣ. ಓದಿದಾಗ ಪೇಪರ್ ಕೆಳಗಿಟ್ಟು ನಕ್ಕೆ. ಸ್ವಾಜಿಲ್ಯಾಂಡಿನ ಕಾಗದವನ್ನು ಸ್ವಿಸ್ ಖಾನೆಗೆ ಎಸೆದವರಲ್ಲಿ ನಾನೂ ಒಬ್ಬ. ರಾತ್ರಿ ಪಾಳಿಯಲ್ಲಿ, ಮೊದಲ ಎರಡು ಅಕ್ಷರ ನೋಡಿ ಕೈ ಓಡಿಸುವಾಗ ಆಗುತ್ತಿತ್ತು. ನೈಜರ್-ನೈಜೀರಿಯಾ, ಆಸ್ಟ್ರಿಯಾ-ಆಸ್ಟ್ರೇಲಿಯಾ ಕೂಡ ಹಾಗೇ. ಅಂಥ ಕಾಗದ ‘ಮಿಸ್‌ಸೆಂಟ್’ ಮುದ್ರೆ ಹೊಡೆಸಿಕೊಂಡು ತಿಂಗಳುಗಟ್ಟಲೆ ಅಲೆಯುತ್ತಿತ್ತು.

ಒಂದು ತಮಾಷೆ ನೋಡಿ. ಕಜಾಕಿಸ್ತಾನದ ರಾಜಧಾನಿಯನ್ನು ಇದರಲ್ಲಿ ‘ಅಸ್ತಾನಾ’ ಎಂದು ಬರೆದಿದ್ದಾರೆ, ಅದು ಸರಿ! ಆದರೆ ತಿಳಿದು ಬರೆದದ್ದಲ್ಲ. ಆ ಊರು ಸೋವಿಯತ್ ಕಾಲದಲ್ಲಿ ತ್ಸೆಲಿನೊಗ್ರಾದ್, ಆಮೇಲೆ ಅಕ್ಮೋಲ. 1997ರಲ್ಲಿ ಅಲ್ಮಾಟಿಯಿಂದ ರಾಜಧಾನಿ ಅಲ್ಲಿಗೆ ಬಂತು, ಮರುವರ್ಷ ಅಸ್ತಾನಾ ಆಯಿತು. 2019ರಲ್ಲಿ ನಿರ್ಗಮಿತ ಅಧ್ಯಕ್ಷರ ಹೆಸರಲ್ಲಿ ನೂರ್‌ಸುಲ್ತಾನ್, 2022ರಲ್ಲಿ ಮತ್ತೆ ಅಸ್ತಾನಾ. ಕಂಪನಿ ಕೈಕಟ್ಟಿ ಕುಳಿತಿದ್ದಕ್ಕೆ ಊರೇ ತಿರುಗಿ ಬಂದು ಗ್ಲೋಬಿಗೆ ಸೇರಿಕೊಂಡಿತು.

ಜೊತೆಗೆ ಉಚಿತವಾಗಿ ಬರುವ ಜಿ.ಕೆ. ಕಿರುಪುಸ್ತಕವನ್ನು ಸ್ಪರ್ಧಾತ್ಮಕ ಪರೀಕ್ಷೆ ಬರೆಯುವ ಮಕ್ಕಳ ಕೈಗೆ ದಯವಿಟ್ಟು ಕೊಡಬೇಡಿ. ಗ್ಲೋಬಿಗೂ ಅದಕ್ಕೂ ಮಾತುಕತೆಯೇ ಇಲ್ಲ. ಗೋಳದ ಮೇಲೆ ದಕ್ಷಿಣ ಸುಡಾನ್ ಇದೆ, ಪುಸ್ತಕದಲ್ಲಿ ಆಫ್ರಿಕಾಕ್ಕೆ 53 ದೇಶ. ವಿಶ್ವಸಂಸ್ಥೆಯ ಲೆಕ್ಕದಲ್ಲಿ ಈಗ 54, ಒಟ್ಟು ಸದಸ್ಯರು 193. ಮ್ಯಾನ್ಮಾರ್‌ನ ರಾಜಧಾನಿ ಯಾಂಗೊನ್ ಅಂತೆ. ನೇಪಿಡಾಕ್ಕೆ ಸರ್ಕಾರ ಗಂಟುಮೂಟೆ ಕಟ್ಟಿದ್ದು 2005ರಲ್ಲೇ. ಬೊಲಿವಿಯಾಕ್ಕೆ ಲಾ ಪಾಜ್ ಮಾತ್ರ, ಸಂವಿಧಾನದ ಪ್ರಕಾರ ರಾಜಧಾನಿಯಾದ ಸುಕ್ರೆಯ ಸುದ್ದಿಯೇ ಇಲ್ಲ. ಕ್ರೊವೇಷಿಯಾ ಇನ್ನೂ ‘ಕೂನಾ’ ಎಣಿಸುತ್ತಿದೆ, ಅಲ್ಲಿ 2023ರ ಜನವರಿಯಿಂದ ಯೂರೊ. ನಾನು ಆ ಪುಸ್ತಕವನ್ನು ಹಾಲಿನ ಲೆಕ್ಕ ಬರೆಯಲು ಇಟ್ಟುಕೊಂಡಿದ್ದೇನೆ.

ಇಷ್ಟೆಲ್ಲ ಬೈದರೂ ವಾಪಸ್ ಕಳಿಸಲಿಲ್ಲ, ಅದಕ್ಕೆ ಕಾರಣ ನಮೀಬಿಯಾ. “ಈ ದೇಶ ಯಾಕ ಬೆರಳು ಚಾಚೇತಿ ಅಜ್ಜಾ?” ಎಂದು ಕೇಳಿದಳು. ನೋಡಿದರೆ ಹೌದು, ಈಶಾನ್ಯ ಮೂಲೆಯಿಂದ ಒಂದು ಸೆಂಟಿಮೀಟರಿನಷ್ಟು ಸಪೂರ ಪಟ್ಟಿ ಒಳನಾಡಿಗೆ ಚಾಚಿದೆ. ಅದು ಕಪ್ರಿವಿ ಪಟ್ಟಿ. ಆಗ ಈ ನೆಲ ಜರ್ಮನರ ವಸಾಹತು. ಪಟ್ಟಿ ಸಿಕ್ಕರೆ ಜಾಂಬೆಜಿ ನದಿ ಸಿಗುತ್ತದೆ, ನದಿ ಹಿಡಿದು ಹಿಂದೂ ಮಹಾಸಾಗರಕ್ಕೆ ಇಳಿಯಬಹುದು ಎಂದು ಅವರ ಆಸೆ. 1890ರಲ್ಲಿ ಬ್ರಿಟಿಷರ ಜೊತೆ ಒಪ್ಪಂದವಾಯಿತು: ಜರ್ಮನರು ಜಾಂಜಿಬಾರ್ ಮೇಲಿನ ಹಕ್ಕು ಬಿಟ್ಟುಕೊಟ್ಟು, ಉತ್ತರ ಸಮುದ್ರದ ಹೆಲಿಗೊಲ್ಯಾಂಡ್ ದ್ವೀಪವನ್ನೂ ಈ ಪಟ್ಟಿಯನ್ನೂ ಪಡೆದರು. ಪಟ್ಟಿಗೆ ಅವರ ಚಾನ್ಸಲರ್ ಕಪ್ರಿವಿಯ ಹೆಸರು ಬಿತ್ತು. ಹೊಳೆಯಲ್ಲಿ ಸ್ವಲ್ಪ ಕೆಳಗೆ ವಿಕ್ಟೋರಿಯಾ ಜಲಪಾತ ಕುಳಿತಿದೆ, ದೋಣಿ ಎಲ್ಲಿಂದ ಹೋಗಬೇಕು? ಬರ್ಲಿನ್‌ನಲ್ಲಿ ಕುಳಿತು ಗೀಟು ಎಳೆದರೆ ಹೀಗೇ. ಸರಿಯಾಗಿ ನೂರು ವರ್ಷಕ್ಕೆ, 1990ರ ಮಾರ್ಚ್ 21ಕ್ಕೆ, ನಮೀಬಿಯಾ ಸ್ವತಂತ್ರವಾಯಿತು. ನನ್ನ ಆಲ್ಬಮ್ಮಿನಲ್ಲಿ ಅದಕ್ಕೂ ಹಿಂದಿನ ‘ಸೌತ್ ವೆಸ್ಟ್ ಆಫ್ರಿಕಾ’ ಸ್ಟಾಂಪುಗಳಿವೆ, ತೆಗೆದು ತೋರಿಸಿದೆ. ಆ ರಾತ್ರಿ ಊಟ ಒಂಬತ್ತೂವರೆಗೆ ಆಯಿತು.

ಇನ್ನೊಂದು, ದಾರದ ಆಟ. ಮಗ ಅಮೆರಿಕದ ಸ್ಯಾನ್ ಹೊಸೆಯಲ್ಲಿದ್ದಾನೆ. ಬೆಂಗಳೂರಿನಿಂದ ಮಾಮಾನ ಊರಿಗೆ ದಾರ ಬಿಗಿಯಾಗಿ ಹಿಡಿ ಅಂದೆ. ಗೋಡೆಯ ನಕ್ಷೆ ನೋಡಿ ಬೆಳೆದ ನನ್ನ ಹೆಂಡತಿ ಅದು ನೇರ ಪೂರ್ವಕ್ಕೆ, ಸಮುದ್ರದ ಮೇಲೆ ಹೋಗುತ್ತದೆ ಎಂದು ಪಂಥ ಕಟ್ಟಿದಳು. ದಾರ ಚೀನಾ ದಾಟಿ, ಸೈಬೀರಿಯಾ ಹತ್ತಿ, ಆರ್ಕ್‌ಟಿಕ್ ಅಂಚು ಮುಟ್ಟಿ, ಅಲಾಸ್ಕಾ ಕಡೆಯಿಂದ ಇಳಿಯಿತು. ಮೂವತ್ಮೂರು ಸೆಂಟಿಮೀಟರ್, ಸುಮಾರು 14,000 ಕಿಲೋಮೀಟರ್. ಇದನ್ನು ಚಪ್ಪಟೆ ನಕ್ಷೆ ತೋರಿಸಲಾರದು. ಎರಡನೇ ನಕ್ಷತ್ರ ನಮೀಬಿಯಾಕ್ಕೆ, ಮೂರನೆಯದು ದಾರಕ್ಕೆ.

ಮಾರಿದವರಿಗೆ ತಪ್ಪುಗಳ ಪಟ್ಟಿ ಕಳಿಸಿದೆ. ‘ನಿಮ್ಮ ಅಮೂಲ್ಯ ಅಭಿಪ್ರಾಯಕ್ಕೆ ಧನ್ಯವಾದ, ಬೇಕಾದರೆ ಹಿಂದಿರುಗಿಸಿ’ ಎಂದು ಉತ್ತರ ಬಂತು. ಪಟ್ಟಿ ಯಾರೂ ಓದಿಲ್ಲ ಎಂದು ಗೊತ್ತಾಯಿತು. ಕೊನೆಗೆ ನಾವೇ ರಿಪೇರಿಗೆ ಕುಳಿತೆವು. ಹಳೆಯ ಸ್ಟಾಂಪ್ ಶೀಟಿನ ಅಂಚಿನ ಗೋಂದು ಪಟ್ಟಿ ಒಂದಿಷ್ಟು ನನ್ನಲ್ಲಿತ್ತು. ನಾಲಿಗೆಗೆ ತಾಕಿಸಿದರೆ ಅಂಟುತ್ತದೆ. ಅದರ ಮೇಲೆ ಮೊಮ್ಮಗಳು ಸಣ್ಣಕ್ಷರದಲ್ಲಿ ‘ಎಸ್ವಾಟಿನಿ’ ಎಂದು ಬರೆದು ಅಂಟಿಸಿದಳು. ದೇಶ ಅಲ್ಲಿ ಅಕ್ಕಿಕಾಳಿಗಿಂತ ಚಿಕ್ಕದು, ಚೀಟಿ ದೊಡ್ಡದು, ಪಕ್ಕದ ಮೊಜಾಂಬಿಕ್‌ನ ಮಪುಟೊ ಪೂರ್ತಿ ಮುಚ್ಚಿಹೋಯಿತು. ದೀಪ ಹಾಕಿದರೆ ಆ ಜಾಗ ಕಪ್ಪಗೆ ಕಾಣುತ್ತದೆ. ಈಗ ಅವಳು ಮಪುಟೊ ಎಂಬ ಇನ್ನೊಂದು ಚೀಟಿ ಬರೆದು ಹಿಂದೂ ಮಹಾಸಾಗರದಲ್ಲಿ ಅಂಟಿಸಿ, ಅಲ್ಲಿಂದ ಒಂದು ಬಾಣ ಎಳೆದಿದ್ದಾಳೆ.