ಮೊದಲ ತಪ್ಪಿಗೆ ಪ್ರೊಬೇಷನ್: 3ನೇ ಸೆಕ್ಷನ್ನಾ, 4ನೇ ಸೆಕ್ಷನ್ನಾ?

ತಪ್ಪು ಸಾಬೀತಾಗಿದೆ, ಆದರೆ ಹಿಂದೆ ಯಾವ ಕೇಸಿನಲ್ಲೂ ಶಿಕ್ಷೆಯಾಗಿಲ್ಲ. ಆಗ 1958ರ ಪ್ರೊಬೇಷನ್ ಕಾಯ್ದೆಯಡಿ, ಅಂದರೆ ಜೈಲಿಗೆ ಕಳಿಸದೆ ತಿದ್ದಿಕೊಳ್ಳಲು ಅವಕಾಶ ಕೊಡುವ ಕಾಯ್ದೆಯಡಿ, ವಕೀಲರು ಎರಡು ದಾರಿ ಕೇಳಬಹುದು.

3ನೇ ಸೆಕ್ಷನ್ ಸರಳ. ಜಡ್ಜ್ ಎಚ್ಚರಿಕೆ ಕೊಟ್ಟು ಕಳಿಸುತ್ತಾರೆ. ಬಾಂಡ್ ಇಲ್ಲ, ನಿಗಾ ಇಲ್ಲ. ಆದರೆ ಕಳ್ಳತನ, ವಂಚನೆಯಂಥ ಕೆಲವು ಅಪರಾಧಗಳಿಗೆ, ಇಲ್ಲವೇ ಹೆಚ್ಚೆಂದರೆ 2 ವರ್ಷ ಜೈಲಿರುವ ಕೇಸಿಗೆ ಮಾತ್ರ.

4ನೇ ಸೆಕ್ಷನ್ ವ್ಯಾಪ್ತಿ ಜಾಸ್ತಿ. ಮರಣದಂಡನೆ, ಜೀವಾವಧಿ ಶಿಕ್ಷೆಯ ಅಪರಾಧಗಳಿಗೆ ಇದು ಸಿಗದು. ಹೊಣೆಯೂ ದೊಡ್ಡದು. ‘ಕರೆದಾಗ ಬಂದು ಶಿಕ್ಷೆ ಪಡೆಯುತ್ತೇನೆ, ಅಲ್ಲಿಯವರೆಗೆ ಸರಿಯಾಗಿ ನಡೆದುಕೊಳ್ಳುತ್ತೇನೆ’ ಎಂದು ಬಾಂಡ್ ಬರೆದುಕೊಡಬೇಕು. ಅವಧಿ ಗರಿಷ್ಠ 3 ವರ್ಷ. ಆರೋಪಿಗೋ ಜಾಮೀನುದಾರರಿಗೋ ಖಾಯಂ ವಿಳಾಸ ಅಥವಾ ಕೆಲಸ ಇರಲೇಬೇಕು. ಪ್ರೊಬೇಷನ್ ಅಧಿಕಾರಿಯ ನಿಗಾ ಹಾಕಿದರೆ ಅದು ಕನಿಷ್ಠ 1 ವರ್ಷ. ಎಲ್ಲಿರಬೇಕು, ಕುಡಿಯಬಾರದು ಎಂಬ ಷರತ್ತುಗಳೂ ಬರಬಹುದು. ಮುರಿದರೆ ಮೂಲ ಅಪರಾಧಕ್ಕೇ ಶಿಕ್ಷೆಯಾಗಬಹುದು.

ಸಣ್ಣ ಕೇಸಾದರೆ ಮೊದಲು 3ನ್ನೇ ಕೇಳಿ. ಕುಡಿತ, ಕೆಟ್ಟ ಸಹವಾಸಕ್ಕೆ ಬಿದ್ದ ಹುಡುಗನಿಗೆ ನಾನಂತೂ 4ನ್ನೇ ಹೇಳುತ್ತೇನೆ. ಸುಮ್ನೆ ಬಿಟ್ಟರೆ ಅವನು ಅದೇ ಗುಂಪಿಗೆ ಮರಳುತ್ತಾನೆ, ಅಲ್ವಾ? ಕೆಲಸ ಹುಡುಕಲು ನೆರವಾಗುವುದೂ ಆ ಅಧಿಕಾರಿಯ ಕರ್ತವ್ಯವೇ.

ಎರಡರಲ್ಲೂ ಶಿಕ್ಷೆಯಿಂದ ಬರುವ ಅನರ್ಹತೆ 12ನೇ ಸೆಕ್ಷನ್ ಪ್ರಕಾರ ಅಂಟುವುದಿಲ್ಲ. ಆದರೆ ಸರ್ಕಾರಿ ನೌಕರರ ಮೇಲೆ ಇಲಾಖೆ ಕ್ರಮ ಕೈಗೊಳ್ಳಬಹುದು.