ಗೋಕುಲಂನ ಮಹಡಿಯಲ್ಲಿ ಕಂಡ 2007ರ ಅಮೆರಿಕನ್ ಫುಟ್‌ಬಾಲ್ ಋತು

ಮೈಸೂರಿನ ಗೋಕುಲಂ ಮೂರನೇ ಹಂತದಲ್ಲಿ, ಯೋಗಾಭ್ಯಾಸಕ್ಕೆಂದು ಬರುವ ವಿದೇಶಿಯರೂ ಬಡಾವಣೆಯ ಹಳೆಯ ನಿವಾಸಿಗಳೂ ಒಟ್ಟಿಗೆ ಕೂರುವ ಕೆಫೆಯೊಂದು ತನ್ನ ಮಹಡಿಯ ಮೇಲೆ ಭಾನುವಾರ ಸಂಜೆಗಳಂದು ಅಮೆರಿಕದ ವೃತ್ತಿಪರ ಫುಟ್‌ಬಾಲಿನ ಹಳೆಯ ಋತುವೊಂದನ್ನು ಕನ್ನಡ ವಿವರಣೆಯೊಂದಿಗೆ ತೋರಿಸಿತು. ಆರಿಸಿಕೊಂಡದ್ದು 2007ರ ಋತು. ಅದರ ಕೊನೆಯ ಪಂದ್ಯ 2008ರ ಫೆಬ್ರುವರಿ 3ರಂದು ಅರಿಜೋನಾದ ಗ್ಲೆಂಡೇಲ್‌ನಲ್ಲಿ ನಡೆದ 42ನೇ ಸೂಪರ್ ಬೌಲ್. ಪ್ರವೇಶಕ್ಕೆ ತಲಾ 200 ರೂಪಾಯಿ, ಅದರಲ್ಲಿ ಒಂದು ಫಿಲ್ಟರ್ ಕಾಫಿಯೂ ಸೇರಿದೆ. ಸರಣಿಯನ್ನು ಪೂರ್ತಿಯಾಗಿ ನೋಡಿದ ಮೇಲೆ ನನ್ನ ಅಭಿಪ್ರಾಯ ಇಷ್ಟು: ಈ ಏರ್ಪಾಡಿನ ನಿಜವಾದ ಗುಣ ಪರದೆಯಲ್ಲಾಗಲಿ ತಿಂಡಿಯಲ್ಲಾಗಲಿ ಇಲ್ಲ, ಪಂದ್ಯಗಳನ್ನು ಜೋಡಿಸಿದ ಕ್ರಮದಲ್ಲಿದೆ. ಅಂತಿಮ ಪಂದ್ಯವೊಂದನ್ನೇ ತೋರಿಸಿದ್ದರೆ ಅದು ಹದಿನೇಳಕ್ಕೆ ಹದಿನಾಲ್ಕು ಅಂಕಗಳ ಒಂದು ಬಿಗುವಾದ ಆಟವಾಗಿ ಮಾತ್ರ ಕಾಣುತ್ತಿತ್ತು. ಅದರ ಹಿಂದಿನ ಐದು ತಿಂಗಳನ್ನು ಕಂಡವರಿಗೆ ಮಾತ್ರ ಅಲ್ಲಿ ಏನು ಕುಸಿಯಿತು, ಏನು ಎದ್ದು ನಿಂತಿತು ಎಂಬುದು ತಿಳಿಯುತ್ತದೆ.

ಮೊದಲ ಸಂಜೆಯನ್ನು ನಿಯಮಗಳಿಗೆ ಮೀಸಲಿಟ್ಟದ್ದು ಸರಿಯಾದ ತೀರ್ಮಾನ. ನಿರೂಪಕಿ ಕೆಲವು ವರ್ಷ ಅಮೆರಿಕದಲ್ಲಿದ್ದು ಬಂದ ಮೈಸೂರಿನವರೇ. ಚೆಂಡು ಕೈಯಲ್ಲಿರುವ ತಂಡಕ್ಕೆ ಹತ್ತು ಗಜ ಮುಂದೆ ಸಾಗಲು ನಾಲ್ಕು ಅವಕಾಶಗಳಿರುತ್ತವೆ, ಸಾಧಿಸಿದರೆ ಮತ್ತೆ ನಾಲ್ಕು ದೊರೆಯುತ್ತವೆ, ಸಾಧಿಸದಿದ್ದರೆ ಚೆಂಡು ಎದುರಾಳಿಯ ಪಾಲಾಗುತ್ತದೆ ಎಂಬುದನ್ನು ಅವರು ಚಿತ್ರವನ್ನು ಅಲ್ಲಲ್ಲಿ ನಿಲ್ಲಿಸಿ, ಬಿಳಿಯ ಹಲಗೆಯ ಮೇಲೆ ಗೆರೆ ಎಳೆದು ವಿವರಿಸಿದರು. ಮುಂದಿನ ಸಾಲಿನಲ್ಲಿದ್ದ ಹಿರಿಯರೊಬ್ಬರು, "ಅಲ್ಲಮ್ಮಾ, ಅಷ್ಟು ಜನ ಒಬ್ಬನ ಮೇಲೆ ಬಿದ್ದ ಮೇಲೆ ಚೆಂಡು ಯಾರದು ಅಂತ ಹೇಗೆ ಗೊತ್ತಾಗುತ್ತೆ?" ಎಂದು ಕೇಳಿದಾಗ, "ಮಂಡಿ ನೆಲಕ್ಕೆ ತಾಗಿದ ಕ್ಷಣಕ್ಕೇ ಆಟ ನಿಲ್ಲುತ್ತೆ ಸಾರ್, ಆಮೇಲೆ ಬಿದ್ದವರದ್ದು ಲೆಕ್ಕಕ್ಕಿಲ್ಲ" ಎಂದು ಉತ್ತರಿಸಿ, ಅದೇ ತುಣುಕನ್ನು ನಿಧಾನವಾಗಿ ಮತ್ತೆ ತೋರಿಸಿದರು. ಕೇಳಿದ ಪ್ರಶ್ನೆಗೆ ಪರದೆಯಲ್ಲೇ ಉತ್ತರ ಹುಡುಕಿ ತೋರಿಸುವ ಈ ತಾಳ್ಮೆ ಸರಣಿಯುದ್ದಕ್ಕೂ ಉಳಿಯಿತು.

ಆ ಋತುವಿನ ಕೇಂದ್ರದಲ್ಲಿದ್ದದ್ದು ನ್ಯೂ ಇಂಗ್ಲೆಂಡ್ ಪೇಟ್ರಿಯಟ್ಸ್ ತಂಡ. ಋತುವಿನ ಆರಂಭದಲ್ಲೇ ಎದುರಾಳಿಗಳ ಸನ್ನೆಗಳನ್ನು ನಿಯಮಬಾಹಿರವಾಗಿ ಚಿತ್ರೀಕರಿಸಿದ ಪ್ರಕರಣದಲ್ಲಿ ತರಬೇತುದಾರ ಬಿಲ್ ಬೆಲಿಚಿಕ್ ಅವರಿಗೆ ಐದು ಲಕ್ಷ ಡಾಲರ್, ತಂಡಕ್ಕೆ ಎರಡೂವರೆ ಲಕ್ಷ ಡಾಲರ್ ದಂಡ ಬಿದ್ದಿತ್ತು. ಹೊಸ ಆಟಗಾರರ ಆಯ್ಕೆಯ ಮೊದಲ ಸುತ್ತಿನ ಅವಕಾಶವೊಂದೂ ಕೈತಪ್ಪಿತ್ತು. ಅನಂತರ ಅಂತಿಮ ಪಂದ್ಯದ ತನಕ ಆ ತಂಡ ಸೋಲನ್ನೇ ಕಾಣಲಿಲ್ಲ. ಲೀಗ್ 1978ರಲ್ಲಿ ಹದಿನಾರು ಪಂದ್ಯಗಳ ವೇಳಾಪಟ್ಟಿಗೆ ಬದಲಾದ ಮೇಲೆ ಅಷ್ಟನ್ನೂ ಗೆದ್ದ ಮೊದಲ ತಂಡ ಅದು. ಒಟ್ಟು 589 ಅಂಕ, ಟಾಮ್ ಬ್ರೇಡಿ ಎಸೆತದಿಂದ 50 ಟಚ್‌ಡೌನ್ (ಎದುರಾಳಿಯ ಕೊನೆಯ ಗೆರೆಯಾಚೆ ಚೆಂಡನ್ನು ತಲುಪಿಸಿ ಅಂಕ ಗಳಿಸುವುದು), ಅವುಗಳಲ್ಲಿ ರ‍್ಯಾಂಡಿ ಮಾಸ್ ಹಿಡಿದವು 23; ಇವು ಆಗ ಹೊಸ ದಾಖಲೆಗಳಾಗಿದ್ದವು. 1972ರಲ್ಲಿ ಮಯಾಮಿ ಡಾಲ್ಫಿನ್ಸ್ ಹದಿನೇಳಕ್ಕೆ ಹದಿನೇಳನ್ನೂ ಗೆದ್ದು ಋತುವನ್ನು ಅಜೇಯವಾಗಿ ಮುಗಿಸಿದ್ದ ಸಾಧನೆಯ ಸನಿಹಕ್ಕೆ ಈ ತಂಡ ಬಂದು ನಿಂತಿತ್ತು.

ಅಂತಿಮ ಪಂದ್ಯದಲ್ಲಿ ಎದುರು ಬದಿಯಲ್ಲಿದ್ದ ನ್ಯೂಯಾರ್ಕ್ ಜೈಂಟ್ಸ್ ತಂಡದ ಕಥೆಯನ್ನು ಹೇಳಿದ ರೀತಿಯೇ ನನಗೆ ಹೆಚ್ಚು ಹಿಡಿಸಿತು. ಮೊದಲ ಎರಡು ಪಂದ್ಯಗಳನ್ನೂ ಸೋತ ತಂಡ, ಆಮೇಲೆ ಸತತ ಆರು ಗೆಲುವು, ಕೊನೆಗೆ ಹತ್ತು ಗೆಲುವು ಆರು ಸೋಲಿನೊಂದಿಗೆ ಪ್ಲೇಆಫ್‌ಗೆ ಹೇಗೋ ಪ್ರವೇಶ. ಈ ಲೆಕ್ಕವನ್ನು ಬೇಗ ಮುಗಿಸಿ, ಪೇಟ್ರಿಯಟ್ಸ್ ವಿರುದ್ಧದ 2007ರ ಡಿಸೆಂಬರ್ 29ರ ಪಂದ್ಯಕ್ಕೆ ಒಂದು ಸಂಜೆಯನ್ನು ಪೂರ್ತಿ ಕೊಟ್ಟದ್ದು ಜಾಣತನ. ಜೈಂಟ್ಸ್ ತಂಡದ ಪ್ಲೇಆಫ್ ಸ್ಥಾನ ಅದಾಗಲೇ ಖಚಿತವಾಗಿತ್ತು. ಮುಖ್ಯ ಆಟಗಾರರಿಗೆ ವಿಶ್ರಾಂತಿ ಕೊಟ್ಟಿದ್ದರೆ ಯಾರೂ ಆಕ್ಷೇಪಿಸುತ್ತಿರಲಿಲ್ಲ. ಆದರೆ ತರಬೇತುದಾರ ಟಾಮ್ ಕಾಫ್ಲಿನ್ ಆ ಆಟಗಾರರನ್ನೇ ಕಣಕ್ಕಿಳಿಸಿದರು. ಮೂರನೇ ಕ್ವಾರ್ಟರ್‌ನಲ್ಲಿ 28–16ರಿಂದ ಮುಂದಿದ್ದ ಜೈಂಟ್ಸ್ ಕೊನೆಗೆ 38–35ರಿಂದ ಸೋತರು. ಬ್ರೇಡಿ ಮಾಸ್‌ಗೆ ಎಸೆದ 65 ಗಜಗಳ ಒಂದೇ ಚೆಂಡು ಇಬ್ಬರ ದಾಖಲೆಯನ್ನೂ ಪೂರ್ಣಗೊಳಿಸಿತು. ಸೋತ ತಂಡ ಆ ರಾತ್ರಿ ಈ ಎದುರಾಳಿಯನ್ನು ಕಟ್ಟಿಹಾಕಬಹುದು ಎಂಬ ಅರಿವಿನೊಂದಿಗೆ ಮೈದಾನದಿಂದ ಹೊರಬಂದಿತು ಎಂಬುದು ಐದು ವಾರಗಳ ಅನಂತರದ ಪಂದ್ಯವನ್ನು ನೋಡುವಾಗ ಸ್ಪಷ್ಟವಾಗುತ್ತದೆ.

ಜನವರಿಯ ಪಂದ್ಯಗಳ ವಿಷಯದಲ್ಲಿ ನನಗೆ ತಕರಾರಿದೆ. ಟ್ಯಾಂಪಾ ಬೇ ವಿರುದ್ಧ ಜೈಂಟ್ಸ್ ಪಡೆದ 24–14ರ ಗೆಲುವನ್ನು ಸಂಕ್ಷೇಪಿಸಿದ್ದನ್ನು ಒಪ್ಪಬಹುದು. ಆದರೆ ಋತುವಿನಲ್ಲಿ ಅದುವರೆಗೆ ಎರಡು ಬಾರಿ ತಮ್ಮನ್ನು ಸೋಲಿಸಿದ್ದ ಡಲ್ಲಾಸ್ ತಂಡವನ್ನು ಅದರ ಊರಿನಲ್ಲೇ 21–17ರಿಂದ ಮಣಿಸಿದ ಆಟವನ್ನು ಹತ್ತೇ ನಿಮಿಷದ ತುಣುಕಿಗೆ ಇಳಿಸಿದ್ದು ಅನ್ಯಾಯ. ಗ್ರೀನ್ ಬೇ ಪಂದ್ಯವನ್ನು ಮಾತ್ರ ಪೂರ್ತಿ ತೋರಿಸಿದರು. ಸೊನ್ನೆಗಿಂತ ಸುಮಾರು 18 ಡಿಗ್ರಿ ಸೆಲ್ಸಿಯಸ್ ಕೆಳಗಿನ ಚಳಿ, ಕೆಂಪಗೆ ಕಂದಿದ ಕಾಫ್ಲಿನ್ ಅವರ ಮುಖ, ಎರಡು ಬಾರಿ ಗುರಿ ತಪ್ಪಿದ ಜೈಂಟ್ಸ್‌ನ ಲಾರೆನ್ಸ್ ಟೈನ್ಸ್ ಹೆಚ್ಚುವರಿ ಸಮಯದಲ್ಲಿ 47 ಗಜಗಳಿಂದ ಒದ್ದ ಚೆಂಡು, 23–20ರ ಫಲಿತಾಂಶ. ಮೈಸೂರಿನ ಡಿಸೆಂಬರಿಗೇ ಸ್ವೆಟರ್ ಹುಡುಕುವ ನಮಗೆ ಆ ಚಳಿಯಲ್ಲಿ ಚರ್ಮದ ಚೆಂಡು ಎಷ್ಟು ಗಟ್ಟಿಯಾಗುತ್ತದೆ ಎಂಬುದನ್ನು ವಿವರಿಸಿ ಹೇಳಬೇಕಾಗಿತ್ತು. ನಿರೂಪಕಿ ಅದನ್ನೂ ಬಿಡಲಿಲ್ಲ.

ಅಂತಿಮ ಪಂದ್ಯದ ಸಂಜೆ ಮಹಡಿ ತುಂಬಿತ್ತು. ಮೂಲದಲ್ಲಿ ಆ ಪಂದ್ಯ ನಮ್ಮ ಗಡಿಯಾರಕ್ಕೆ ಸೋಮವಾರ ಬೆಳಗಿನ ಐದರ ಹೊತ್ತಿಗೆ ಶುರುವಾಗಿತ್ತು. ಜೈಂಟ್ಸ್‌ನ ಮೊದಲ ಸರದಿಯೇ 9 ನಿಮಿಷ 59 ಸೆಕೆಂಡು ನಡೆದು ಕೇವಲ ಮೂರು ಅಂಕ ತಂದಿತು. ಎರಡನೇ ಕ್ವಾರ್ಟರ್‌ನ ಆರಂಭದಲ್ಲಿ ಪೇಟ್ರಿಯಟ್ಸ್ 7–3ರಿಂದ ಮುಂದಾದರು. ಅಲ್ಲಿಂದ ಮೂರನೇ ಕ್ವಾರ್ಟರ್ ಮುಗಿಯುವ ತನಕ ಅಂಕ ಕದಲಲಿಲ್ಲ. ಹೊಸಬರಿಗೆ ಬೇಸರ ತರಬಹುದಾಗಿದ್ದ ಈ ಭಾಗದಲ್ಲೇ ವಿವರಣೆ ತನ್ನ ಶಕ್ತಿ ತೋರಿತು. ಚೆಂಡನ್ನು ಬಿಟ್ಟು ಎದುರುಬದುರು ನಿಂತ ಸಾಲುಗಳನ್ನು ನೋಡಿ, ದಸರಾ ಕುಸ್ತಿಯಲ್ಲಿ ಪೈಲ್ವಾನರ ಕೈ ಎಲ್ಲಿ ಹಿಡಿತ ಹುಡುಕುತ್ತದೆಂದು ನೋಡುವ ಹಾಗೆ ಇವರ ಕೈಗಳನ್ನು ನೋಡಿ ಎಂದು ನಿರೂಪಕಿ ಸೂಚಿಸಿದರು. ಗರಡಿಮನೆಗಳ ಈ ಊರಿನವರಿಗೆ ಬೇರೆ ಉದಾಹರಣೆ ಬೇಕಾಗಲಿಲ್ಲ. ಜೈಂಟ್ಸ್‌ನ ಜಸ್ಟಿನ್ ಟಕ್, ಮೈಕಲ್ ಸ್ಟ್ರೇಹನ್, ಓಸಿ ಉಮೆನಿಯೋರಾ ಎದುರಿನ ಸಾಲನ್ನು ಭೇದಿಸಿ ಬ್ರೇಡಿಯನ್ನು ಮತ್ತೆ ಮತ್ತೆ ತಲುಪಿದ್ದು ಆಗ ಕಣ್ಣಿಗೆ ಕಟ್ಟಿತು. ಐದು ಬಾರಿ ಬ್ರೇಡಿ ಚೆಂಡಿನೊಂದಿಗೇ ನೆಲ ಕಂಡರು. ಅಷ್ಟು ಅಂಕ ಗಳಿಸಿದ್ದ ತಂಡ ಹದಿನಾಲ್ಕಕ್ಕೆ ನಿಂತಿತು. ಮೂರನೇ ಕ್ವಾರ್ಟರ್‌ನಲ್ಲಿ ಎದುರಾಳಿಯ 31ನೇ ಗಜದಲ್ಲಿ ನಾಲ್ಕನೇ ಅವಕಾಶಕ್ಕೆ ಇನ್ನೂ 13 ಗಜ ಬೇಕಿದ್ದಾಗ, ಕಂಬಗಳ ನಡುವೆ ಒದ್ದು ಮೂರು ಅಂಕ ಗಳಿಸುವ ಫೀಲ್ಡ್ ಗೋಲ್‌ಗೆ ಯತ್ನಿಸದೆ ಎಸೆತಕ್ಕೆ ಹೋದ ಬೆಲಿಚಿಕ್ ಅವರ ನಿರ್ಧಾರದ ಬಳಿ ಚಿತ್ರವನ್ನು ನಿಲ್ಲಿಸಿ ಚರ್ಚೆಗೆ ಅವಕಾಶ ಕೊಟ್ಟದ್ದೂ ಒಳ್ಳೆಯದಾಯಿತು. ಪಂದ್ಯ ಸೋತದ್ದು ಮೂರೇ ಅಂಕಗಳಿಂದ.

ನಾಲ್ಕನೇ ಕ್ವಾರ್ಟರ್‌ನಲ್ಲಿ ಜೈಂಟ್ಸ್‌ನ ಡೇವಿಡ್ ಟೈರಿಯ ಟಚ್‌ಡೌನ್‌ನಿಂದ 10–7, ಇನ್ನು 2 ನಿಮಿಷ 42 ಸೆಕೆಂಡು ಉಳಿದಿರುವಾಗ ಮಾಸ್ ಮೂಲಕ 14–10. ಆಮೇಲೆ ಜೈಂಟ್ಸ್ ಸಾಗಿದ 83 ಗಜಗಳ ದಾರಿಯನ್ನು ಒಂದು ತುಣುಕೂ ಬಿಡದೆ ತೋರಿಸಿದರು. 1 ನಿಮಿಷ 15 ಸೆಕೆಂಡು ಉಳಿದಿದ್ದಾಗ, ಮೂರನೇ ಅವಕಾಶಕ್ಕೆ ಐದು ಗಜ ಬೇಕಿದ್ದಾಗ, ಅಂಗಿಯನ್ನೇ ಹಿಡಿದೆಳೆಯುತ್ತಿದ್ದವರಿಂದ ಬಿಡಿಸಿಕೊಂಡ ಇಲೈ ಮ್ಯಾನಿಂಗ್ ದೂರಕ್ಕೆ ಎಸೆದ ಚೆಂಡನ್ನು ಟೈರಿ ಒಂದು ಕೈಯಿಂದ ತನ್ನ ಶಿರಸ್ತ್ರಾಣಕ್ಕೆ ಒತ್ತಿ ಹಿಡಿದು, ಮೈಮೇಲೆ ರಾಡ್ನಿ ಹ್ಯಾರಿಸನ್ ಎಳೆಯುತ್ತಿದ್ದರೂ ನೆಲಕ್ಕೆ ತಾಗಗೊಡದೆ ಉಳಿಸಿಕೊಂಡರು. ಆ 32 ಗಜ ತಂಡವನ್ನು ಎದುರಾಳಿಯ 24ನೇ ಗಜಕ್ಕೆ ತಂದಿತು. 35 ಸೆಕೆಂಡು ಉಳಿದಿರುವಾಗ ಪ್ಲೆಕ್ಸಿಕೊ ಬರೆಸ್ 13 ಗಜಗಳ ಎಸೆತವನ್ನು ಹಿಡಿದು 17–14 ಮಾಡಿದರು. ಟೈರಿ ಲೀಗ್‌ನಲ್ಲಿ ಮತ್ತೆಂದೂ ಒಂದು ಚೆಂಡನ್ನೂ ಹಿಡಿಯಲಿಲ್ಲ ಎಂಬುದನ್ನು ತಿಳಿದ ಮೇಲೆ ಆ ಹಿಡಿತವನ್ನು ಎರಡನೇ ಬಾರಿ ನೋಡಿದಾಗ ನನ್ನ ಗಂಟಲು ತುಂಬಿ ಬಂದದ್ದನ್ನು ಮರೆಮಾಚುವುದಿಲ್ಲ.

ಇನ್ನು ಉಳಿದ ವ್ಯವಸ್ಥೆಗೆ ಬಂದರೆ, ಪರದೆ ದೊಡ್ಡದು, ಚಿತ್ರ ಹಳೆಯದಾದರೂ ಸ್ಪಷ್ಟ. ಕರೆಂಟ್ ಹೋದಾಗ ಯುಪಿಎಸ್ ಆಟವನ್ನು ನಿಲ್ಲಗೊಡಲಿಲ್ಲ. ಜಾಹೀರಾತುಗಳನ್ನು ತೆಗೆದು ಪ್ರತಿ ಸಂಜೆಯನ್ನು ಎರಡೂವರೆ ಗಂಟೆಯ ಒಳಗೆ ಮುಗಿಸುತ್ತಾರೆ. ಬೆನ್ನಿಗೆ ಆಸರೆಯಿಲ್ಲದ ಬೆಂಚುಗಳು ಅಷ್ಟು ಹೊತ್ತು ಕೂರಲು ತಕ್ಕವಲ್ಲ, ವಯಸ್ಸಾದವರು ಕುರ್ಚಿ ಕೇಳಿ ಪಡೆಯುವುದು ಉತ್ತಮ. ಕೆಳಗಿನ ಅಡುಗೆಮನೆಯ ಮಿಕ್ಸಿಯ ಸದ್ದು ವಿವರಣೆಯ ಮೇಲೆ ಬೀಳುತ್ತದೆ, ಇದನ್ನು ಮಾಲೀಕರು ಸರಿಪಡಿಸಲೇಬೇಕು. ಕಾಫಿ ಹದವಾಗಿದೆ, ಸೆಟ್ ದೋಸೆ ಮೃದುವಾಗಿದ್ದು ಸಾಗು ಬಿಸಿಯಾಗಿಯೇ ಬರುತ್ತದೆ, ಚುರುಮುರಿ ಮಾತ್ರ ಪರದೆಯ ಮುಂದೆ ತಲುಪುವಷ್ಟರಲ್ಲಿ ಮೆತ್ತಗಾಗಿರುತ್ತದೆ.

ಮುಂದಿನ ಸರಣಿಗೆ 2016ರ ಋತುವನ್ನು ಆರಿಸಿದ್ದಾರೆ; ಅಟ್ಲಾಂಟಾ 28–3ರಿಂದ ಮುಂದಿದ್ದೂ ಹೆಚ್ಚುವರಿ ಸಮಯದಲ್ಲಿ 34–28ಕ್ಕೆ ಸೋತ ಅಂತಿಮ ಪಂದ್ಯ ಅದರದು. ಆ ಸರಣಿಯಲ್ಲಾದರೂ ಪ್ಲೇಆಫ್ ಪಂದ್ಯಗಳನ್ನೆಲ್ಲ ಪೂರ್ತಿಯಾಗಿ ತೋರಿಸಲಿ, ಅದಕ್ಕಾಗಿ ಇನ್ನೊಂದು ಭಾನುವಾರ ಹೆಚ್ಚಾದರೂ ಸರಿ, ಪ್ರವೇಶಧನ ಐವತ್ತು ರೂಪಾಯಿ ಏರಿದರೂ ಸರಿ.