ಇನ್‌ಸ್ಪೆಕ್ಟರ್ ವೇಷ ಬಾಡಿಗೆಗೆ: ನಾಲ್ಕು ಸ್ಟಾರ್
ನಮ್ಮ ನಾಟಕಕ್ಕೆ ಇನ್‌ಸ್ಪೆಕ್ಟರ್ ಡ್ರೆಸ್ ಬೇಕಿತ್ತು. ಈ ಅಂಗಡಿಯವರು ತಂಡದ ಪತ್ರ, ಆಧಾರ್ ನಕಲು ಎರಡನ್ನೂ ಕೇಳಿದರು. ರಾಜನ ಕಿರೀಟಕ್ಕೆ ಇದ್ಯಾವುದೂ ಬೇಡವಂತೆ! ಸಿಟ್ಟು ಬಂತು. ಆಮೇಲೆ ಯಜಮಾನರೇ ಬಿಡಿಸಿ ಹೇಳಿದರು: ರಂಗದ ಮೇಲೆ ಹಾಕಿದರೆ ತಪ್ಪಲ್ಲ, ಜನ ನಿಜವಾದ ಅಧಿಕಾರಿ ಅಂತ ನಂಬಲಿ ಎಂದು ಹಾಕಿದರೆ ಭಾರತೀಯ ನ್ಯಾಯ ಸಂಹಿತೆಯ 205ನೇ ಸೆಕ್ಷನ್, 3 ತಿಂಗಳವರೆಗೆ ಜೈಲು ಅಥವಾ 5,000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ಇದಕ್ಕೂ ಮುಂಚಿನ ಕಾನೂನಾದ ಐಪಿಸಿಯಲ್ಲಿ ದಂಡ ಬರೀ 200 ರೂಪಾಯಿವರೆಗೆ ಇತ್ತು. ಆ ಸೋಗಿನಲ್ಲಿ ಅಧಿಕಾರ ಚಲಾಯಿಸಲು ಹೋದರೆ ನ್ಯಾಯ ಸಂಹಿತೆಯದೇ 204ನೇ ಸೆಕ್ಷನ್. ಕನಿಷ್ಠ 6 ತಿಂಗಳು, ಗರಿಷ್ಠ 3 ವರ್ಷ ಜೈಲು. ಇಸ್ತ್ರಿ ಚೆನ್ನಾಗಿತ್ತು. ಟೋಪಿ ಮಾತ್ರ ದೊಡ್ಡದು, ಸೆಲ್ಯೂಟ್ ಹೊಡೆದಾಗಲೆಲ್ಲ ಮೂಗಿನ ಮೇಲೆ ಕೂರುತ್ತಿತ್ತು. ಅದಕ್ಕೇ ಒಂದು ಸ್ಟಾರ್ ಕಟ್.